ಜರ್ಮನ್ ಬಾರದ ಕಾಸರಗೋಡಿನವ್ರು ಫಾಲ್ಕೊನ ಹಾಡು ಕೇಳ್ಲಿಕ್ಕೆ ಸುರು ಮಾಡೋದು ಹೇಗೆ

ಮೊನ್ನೆ ಬದಿಯಡ್ಕದಲ್ಲಿ ಬಸ್ಸಿಗೆ ಕಾಯ್ತಾ ಇರುವಾಗ ನಮ್ಮ ಕಡೆಯ ಒಬ್ಬ ಹುಡುಗ ಸಿಕ್ಕಿದ. ನರ್ಸಿಂಗ್ ಮುಗಿಸಿ ಈಗ ಜರ್ಮನ್ ಕ್ಲಾಸಿಗೆ ಹೋಗ್ತಾ ಇದ್ದಾನೆ, ಬಿ2 ಪರೀಕ್ಷೆ ಪಾಸಾಗ್ಬೇಕು, ಮತ್ತೆ ವೀಸಾ. "ಮಾಮ, ನೀವು ಯಾವಾಗ್ಲೂ ಹೇಳ್ತೀರಲ್ಲ ಆ ಆಸ್ಟ್ರಿಯಾದ ಸಿಂಗರ್, ಅವನದ್ದು ಯಾವ ಹಾಡಿಂದ ಸುರು ಮಾಡುವುದು, ನಾನು ಒಂದು ಕೇಳಿದೆ, ಎಂತದ್ದೂ ತಲೆಬುಡ ಗೊತ್ತಾಗ್ಲಿಲ್ಲ" ಅಂದ. ನಾನು ಬಾಯಿ ತೆರೆಯೋಷ್ಟರಲ್ಲಿ ಬಸ್ ಬಂತು, ಅವ ಹತ್ತಿ ಹೋದ. ಅವನಿಗೆ ಹೇಳ್ಬೇಕು ಅಂತಿದ್ದದ್ದನ್ನ ಇಲ್ಲಿ ಬರೀತಾ ಇದ್ದೇನೆ, ಬೇರೆಯವ್ರಿಗೂ ಉಪಯೋಗ ಆಗ್ಲಿ.

ಸಿಂಗರ್ ಹೆಸ್ರು ಫಾಲ್ಕೊ. ಮನೆಯವ್ರು ಇಟ್ಟ ಹೆಸ್ರು ಯೋಹಾನ್ ಹೋಲ್ಟ್ಸೆಲ್, ಮನೆಯಲ್ಲಿ ಕರೆಯೋದು ಹಾನ್ಸ್. ಹುಟ್ಟಿದ್ದು 1957 ಫೆಬ್ರವರಿ 19ಕ್ಕೆ, ವಿಯೆನ್ನಾದಲ್ಲಿ. ನಮ್ಮ ಕಾಸರಗೋಡು ಕೇರಳಕ್ಕೆ ಸೇರಿದ್ದು 1956 ನವಂಬರ 1ಕ್ಕೆ, ಅಂದ್ರೆ ಅವ ಹುಟ್ಟುವಾಗ ನಾವು ಕೇರಳದವ್ರಾಗಿ ನಾಲ್ಕು ತಿಂಗಳು ಕೂಡ ಆಗಿರ್ಲಿಲ್ಲ. ಈ ತಾರೀಕನ್ನ ನಾನು ಸುಮ್ನೆ ಜೋಡಿಸ್ತಾ ಇಲ್ಲ. ಬೆಂಗಳೂರಿಗೆ ಹೋದ್ರೆ ನಮ್ಮನ್ನ "ನೀವು ಮಲಯಾಳಿಗಳಾ, ಕನ್ನಡ ಚೆನ್ನಾಗಿ ಮಾತಾಡ್ತೀರ" ಅಂತ ಕೇಳ್ತಾರಲ್ಲ, ಹಾಗೆಯೇ ಅವನನ್ನ ಇಡೀ ಪ್ರಪಂಚ ಜರ್ಮನಿಯವ ಅಂತ ತಿಳ್ಕೊಂಡಿತ್ತು, ಈಗ್ಲೂ ತಿಳ್ಕೊಂಡುಂಟು. ಭಾಷೆ ಜರ್ಮನ್, ದೇಶ ಬೇರೆ, ಮಾತಾಡೋ ಶೈಲಿ ಅಂತೂ ಪೂರ್ತಿ ಬೇರೆ. ಈ ಒಂದು ಸಂಗತಿ ಮನಸ್ಸಿಗೆ ಹೋಯ್ತು ಅಂದ್ರೆ ಅವನ ಅರ್ಧ ಹಾಡು ಅರ್ಥ ಆದ ಹಾಗೆ, ಅದೂ ನಮ್ಮ ಊರಿನವ್ರಿಗೆ ಬೇರೆಯವ್ರಿಗಿಂತ ಬೇಗ ಅರ್ಥ ಆಗ್ತದೆ ಅಂತ ನನ್ನ ನಂಬಿಕೆ.

ಇನ್ನೊಂದು ಮುಖ್ಯ ವಿಷಯ, ಸಾವಿಂದ ಸುರು ಮಾಡ್ಬೇಡಿ. ನಾನು ಒಮ್ಮೆ ಆ ತಪ್ಪು ಮಾಡಿದ್ದೇನೆ. ನಮ್ಮಲ್ಲಿ ಒಂದು ವಾಚನಾಲಯದಲ್ಲಿ ಹತ್ತು ಹದಿನೈದು ಜನ ಸೇರಿ ತಿಂಗಳಿಗೊಮ್ಮೆ ಹಾಡು ಕೇಳುವ ಕ್ರಮ ಇತ್ತು, ನನ್ನ ಸರದಿ ಬಂದಾಗ ನಾನು ಉತ್ಸಾಹದಲ್ಲಿ ಮೊದ್ಲೇ ಆಕ್ಸಿಡೆಂಟ್ ಕಥೆ ಹೇಳಿಬಿಟ್ಟೆ, ಕಾರು, ಬಸ್ಸು, ಡ್ರಗ್ಸು ಎಲ್ಲ. ಆಮೇಲೆ ಎಷ್ಟು ಹಾಡು ಹಾಕಿದ್ರೂ ಅವ್ರಿಗೆ ಕೇಳಿದ್ದು ಅದೇ ಆಕ್ಸಿಡೆಂಟು. ಈಗ್ಲೂ ಆ ಪೈಕಿಯವ್ರು ಸಿಕ್ಕಿದ್ರೆ "ಆ ಬಸ್ಸಿಗೆ ಗುದ್ದಿ ಸತ್ತ ಸಿಂಗರ್" ಅಂತ್ಲೇ ಹೇಳೋದು. ಅವ ನಲವತ್ತು ವರ್ಷ ಬದುಕಿದ್ದಾನೆ, ಅದ್ರಲ್ಲಿ ಹತ್ತಿಪ್ಪತ್ತು ವರ್ಷ ಹಾಡಿದ್ದಾನೆ, ಕೊನೆಯ ಕ್ಷಣವನ್ನ ಮುಂದೆ ಇಟ್ಟು ಉಳಿದದ್ದನ್ನೆಲ್ಲ ಅದ್ರ ನೆರಳಲ್ಲಿ ಕೂರಿಸೋದು ಅನ್ಯಾಯ. ಆದ್ರಿಂದ ಮೊದ್ಲು ಹಾಡು, ಸಾವು ಕೊನೆಗೆ.

ಈಗ ಕೇಳೋ ಕ್ರಮಕ್ಕೆ ಬರುವ. ಸುರುವಿಗೆ ಅರ್ಥ ಹುಡುಕ್ಬೇಡಿ, ಲಿರಿಕ್ಸ್ ತೆಗೀಬೇಡಿ, ವಿಡಿಯೋ ಕೂಡ ನೋಡ್ಬೇಡಿ. ಇಯರ್‌ಫೋನ್ ಹಾಕಿ, ಫೋನ್ ಕವುಚಿ ಇಡಿ, ರಾಕ್ ಮೀ ಅಮಾಡೇಯುಸ್ ಅನ್ನೋ ಹಾಡು ಹಾಕಿ ಮೂರು ಸಲ ಕೇಳಿ. ಫೋನಿನ ಸ್ಪೀಕರಲ್ಲಿ ಕೇಳಿದ್ರೆ ಪ್ರಯೋಜನ ಇಲ್ಲ, ಯಾಕಂದ್ರೆ ಅವ ಮೂಲತಃ ಬಾಸ್ ಗಿಟಾರ್ ನುಡಿಸ್ತಾ ಇದ್ದವ, ಅವನ ಹಾಡುಗಳು ಕೆಳಗಿಂದ, ಬಾಸಿಂದ ಕಟ್ಟಿದ್ದು, ಆ ಕೆಳಗಿನ ಸ್ವರ ಸಣ್ಣ ಸ್ಪೀಕರಲ್ಲಿ ಬರೋದೇ ಇಲ್ಲ. ಮೊದಲ್ನೆ ಸಲ ಕೇಳುವಾಗ ಬಾಸ್ ಮತ್ತು ಡ್ರಮ್ ಮಾತ್ರ ಹಿಡೀರಿ, ಎರಡ್ನೆ ಸಲ ಅವ ಎಲ್ಲಿ ಹಾಡ್ತಾನೆ ಎಲ್ಲಿ ಮಾತಾಡ್ತಾನೆ ಅಂತ ನೋಡಿ, ಮೂರ್ನೆ ಸಲ ಎಲ್ಲೆಲ್ಲಿ ಇಂಗ್ಲಿಷ್ ಬರ್ತದೆ ಅಂತ ಬೆರಳಲ್ಲಿ ಎಣಿಸಿ.

ನಾನು ಮೊದ್ಲು ಕೇಳಿದ್ದು ಹೀಗೇ, ಅರ್ಥ ಇಲ್ಲದೆ. ದೊಡ್ಡಮಾವ ದುಬೈಯಿಂದ ಬರುವಾಗ ಒಂದು ಟೂ-ಇನ್-ವನ್ ತಂದಿದ್ರು, ಜೊತೆಗೆ ಒಂದಷ್ಟು ಕ್ಯಾಸೆಟ್, ಅದ್ರಲ್ಲಿ ಫಾಲ್ಕೊ 3 ಅಂತ ಒಂದು. ಜಗಲಿಯಲ್ಲಿ ರಾತ್ರಿ ಎಲ್ಲರೂ ಕೂತು ಅಡಕೆ ಸುಲಿಯೋದು, ಎಂಟೂವರೆ ಒಂಭತ್ತರವರೆಗೆ ಮಂಗಳೂರು ಆಕಾಶವಾಣಿ, ಅದಾದ ಮೇಲೆ ಈ ಕ್ಯಾಸೆಟ್. ಅಜ್ಜಿಗೆ ಎಂತದ್ದೂ ಗೊತ್ತಾಗ್ತಾ ಇರ್ಲಿಲ್ಲ, ಆದ್ರೆ ಆ ಹಾಡು ಬಂದಾಗ ಅಜ್ಜಿಯ ಕೈಯ ಕತ್ತಿ ಅದೇ ತಾಳಕ್ಕೆ ಹೋಗ್ತಾ ಇತ್ತು, ನಾನು ಕಣ್ಣಾರೆ ನೋಡಿದ್ದೇನೆ, ಸಿಪ್ಪೆಗೆ ಒಂದು ಪೆಟ್ಟು, ತಿರುಗಿಸಿ ಇನ್ನೊಂದು, ಅಡಕೆ ಗೋಣಿಗೆ. ಮಳೆಗಾಲ ಬಂದಾಗ ಟೇಪಿಗೆ ಬೂಸ್ಟು ಹಿಡ್ದು ಬಿಳಿ ಬಿಳಿ ಆಗ್ತಿತ್ತು, ಪೆನ್ಸಿಲ್ ಹಾಕಿ ಪೂರ್ತಿ ಸುತ್ತಿ, ಹತ್ತಿಯಲ್ಲಿ ಮೆಲ್ಲ ಒರೆಸಿ, ಅಟ್ಟದ ಮೇಲೆ ಹೊಗೆಯ ಬಿಸಿ ತಾಗುವಲ್ಲಿ ಇಡ್ತಿದ್ದೆ. ಎ ಸೈಡಿನ ಮೊದಲ ಹಾಡಿನ ನಡುವೆ ಒಂದು ಕಡೆ ಸ್ವರ ಕುಗ್ಗಿ ಮತ್ತೆ ಏಳ್ತಿತ್ತು, ಟೇಪ್ ಎಳೆದು ಹೋದದ್ದು. ಎಷ್ಟೋ ವರ್ಷದ ಮೇಲೆ ಸರಿಯಾದ ರೆಕಾರ್ಡಿಂಗ್ ಕೇಳುವಾಗ ಆ ಕುಗ್ಗು ಇಲ್ಲದ್ದು ಕಂಡು ಏನೋ ಕಡಿಮೆ ಆಯ್ತು ಅನ್ನಿಸ್ತು.

ಮೂರು ಸಲ ಕೇಳಿ ಆದ ಮೇಲೆ ಈಗ ಮಾತಿಗೆ ಹೋಗ್ಬಹುದು. ಇಲ್ಲಿ ಒಂದು ಜಾಗ್ರತೆ. ಈ ಹಾಡಿಗೆ ಬೇರೆ ಬೇರೆ ಮಿಕ್ಸ್ ಉಂಟು. ಅಮೇರಿಕದವ್ರಿಗೆ ಅಂತ ಮಾಡಿದ್ರಲ್ಲಿ ಮೊಜಾರ್ಟ್ (ಹಳೇ ಕಾಲದ ದೊಡ್ಡ ಸಂಗೀತಗಾರ, ಅಮಾಡೇಯುಸ್ ಅಂದ್ರೆ ಅವನದ್ದೇ ಹೆಸ್ರು) 1756ರಲ್ಲಿ ಸಾಲ್ಸ್‌ಬರ್ಗಿನಲ್ಲಿ ಹುಟ್ಟಿದ ಅಂತ ಸುರು ಮಾಡಿ ಇಸವಿಗಳನ್ನ ಇಂಗ್ಲಿಷಲ್ಲಿ ಓದ್ಕೊಂಡು ಹೋಗ್ತಾರೆ. ಅದು ಮೊದ್ಲು ಬೇಡ. ಯುರೋಪಿನ ಮೂಲ ಸಿಂಗಲ್ ಹುಡುಕಿ, ಅದ್ರಲ್ಲಿ ಫಾಲ್ಕೊ ತಾನೇ ಜರ್ಮನಲ್ಲಿ ಕಥೆ ಹೇಳ್ತಾನೆ. ಕಥೆ ಸಣ್ಣದು. ಮೊಜಾರ್ಟ್ ಒಬ್ಬ ಪಂಕ್, ಅಂದ್ರೆ ಯಾರ ಮಾತೂ ಕೇಳದ ಪುಂಡ, ದೊಡ್ಡ ಪೇಟೆಯಲ್ಲಿದ್ದ, ಕುಡೀತಿದ್ದ, ಸಾಲ ಇತ್ತು, ಹೆಂಗಸರಿಗೆಲ್ಲ ಅವನ ಮೇಲೆ ಪ್ರೀತಿ. ಅಷ್ಟೇ. 1984ರಲ್ಲಿ ಮೊಜಾರ್ಟನ ಮೇಲೆ ಅಮಾಡೇಯುಸ್ ಅಂತ ಸಿನಿಮಾ ಬಂದಿತ್ತು, ಅದ್ರ ಗಾಳಿ ಇದಕ್ಕೆ ಬಡಿದದ್ದು.

ಆದ್ರೆ ಹೇಳೋ ರೀತಿ ನೋಡಿ. ಊರಿನ ಹೆಸ್ರು ಬರುವಲ್ಲಿ ಅವ "ವೀನ್" ಅಂತಾನೆ, ಅದ್ರ ಬೆನ್ನಿಗೇ "ವಿಯೆನ್ನಾ" ಅಂತಾನೆ, ಒಂದೇ ಉಸಿರಲ್ಲಿ ಒಂದೇ ಊರಿಗೆ ಎರಡು ಹೆಸ್ರು, ಒಂದು ಮನೆಯದ್ದು ಒಂದು ಹೊರಗಿನದ್ದು. ನಮಗೆ ಇದು ಹೊಸತಾ? ಮಂಗಳೂರಿಗೆ ಹೋಗ್ಲಿಕ್ಕೆ ಬಸ್ಸಲ್ಲಿ ಕೂತ್ರೆ ಒಂದು ಸೀಟಿನವ ಮಂಗಳೂರು ಅಂತಾನೆ, ಹಿಂದಿನವ ಕುಡ್ಲ, ಪಕ್ಕದ ಕೊಂಕಣಿಯವ್ರು ಕೊಡಿಯಾಲ, ಬ್ಯಾರಿಗಳು ಮೈಕಾಲ, ಕಂಡಕ್ಟರ್ ಮಂಗಲಾಪುರಂ, ಎಲ್ಲರೂ ಇಳಿಯೋದು ಒಂದೇ ಕಡೆ. ಇನ್ನೊಂದು ಕಡೆ 1780ರ ಕಥೆ ಹೇಳ್ತಾ ಹೇಳ್ತಾ ನಡುವೆ ಇಂಗ್ಲಿಷಲ್ಲಿ ಕ್ರೆಡಿಟ್ ಕಾರ್ಡಿನ ಮಾತು ತರ್ತಾನೆ, ಬ್ಯಾಂಕುಗಳು ಮೊಜಾರ್ಟನಿಗೆ ವಿರುದ್ಧ ಆದ್ವು ಅಂತ. ಬೇಕೂಂತ್ಲೇ ಬೆರೆಸಿದ್ದು. ಅವನ ಈ ಮಾತಿಗೆ ಮ್ಯಾನ್‌ಹಟನ್-ಶೋನ್‌ಬ್ರುನ್ ಜರ್ಮನ್ ಅಂತ ಹೆಸ್ರೇ ಬಿದ್ದಿತ್ತು. ಶೋನ್‌ಬ್ರುನ್ ಅಂದ್ರೆ ವಿಯೆನ್ನಾದ ರಾಜರ ಅರಮನೆ, ಅಲ್ಲಿನ ದೊಡ್ಡವ್ರು ಮೂಗಲ್ಲಿ ಎಳೆದು ಮಾತಾಡ್ತಿದ್ದ ಜರ್ಮನ್‌ಗೆ ಆ ಹೆಸ್ರು. ಆ ಅರಮನೆಯ ಗತ್ತು, ನ್ಯೂಯಾರ್ಕಿನ ಬೀದಿ ಇಂಗ್ಲಿಷು, ಕೆಳಗೆ ವಿಯೆನ್ನಾ ಪೇಟೆಯ ಆಡುಮಾತು, ಮೂರೂ ಒಂದೇ ಬಾಯಲ್ಲಿ.

ಇದನ್ನ ಹಿಡೀಲಿಕ್ಕೆ ನಾನು ಮಾಡೋದು ಏನಂದ್ರೆ, ಹಾಡಿನ ಮಾತನ್ನ ಕನ್ನಡ ಅಕ್ಷರದಲ್ಲಿ ಬರ್ಕೊಳ್ಳೋದು. ಒಂದು ನೋಟ್‌ಬುಕ್ ಇಡಿ. ಯೂಟ್ಯೂಬಲ್ಲಿ ಸ್ಪೀಡ್ 0.75ಕ್ಕೆ ಇಳಿಸಿ, ಒಂದೊಂದು ಸಾಲು ನಿಲ್ಲಿಸಿ ಕಿವಿಗೆ ಬಿದ್ದ ಹಾಗೆ ಬರೀರಿ, ಆಮೇಲೆ ಲಿರಿಕ್ಸ್ ತೆಗ್ದು ತಾಳೆ ನೋಡಿ. ನಮ್ಮ ಲಿಪಿ ಇಂಗ್ಲಿಷಿಗಿಂತ ಎಷ್ಟೋ ಉಪಕಾರಿ. ಜರ್ಮನಲ್ಲಿ ಡಬ್ಲ್ಯೂ ಬಂದಲ್ಲಿ ನಮ್ಮ ವ ಬರೀರಿ, ವಿ ಅಕ್ಷರ ಬಂದಲ್ಲಿ ಹೆಚ್ಚಾಗಿ ಫ ಆಗ್ತದೆ, ಝಡ್ ಬಂದಲ್ಲಿ ಟ್ಸ. ಇ-ಐ ಒಟ್ಟಿಗೆ ಬಂದ್ರೆ ಐ, ಐ-ಇ ಬಂದ್ರೆ ಈ. ಎಸ್ ಅಕ್ಷರ ಸ್ವರದ ಮೊದ್ಲು ಬಂದ್ರೆ ಜರ್ಮನಿಯವ್ರು ಇಂಗ್ಲಿಷಿನ ಝಡ್ ಹಾಗೆ ಹೇಳ್ತಾರೆ, ಆಸ್ಟ್ರಿಯಾದವ್ರ ಬಾಯಲ್ಲಿ ಅದು ಹೆಚ್ಚುಕಮ್ಮಿ ನಮ್ಮ ಸ. ಹಾನ್ಸ್ ಹೋಲ್ಟ್ಸೆಲ್ ಅಂತ ನಾನು ಬರೆದೆನಲ್ಲ, ಆ "ಹೋ" ಸರಿ ಅಲ್ಲ, ತುಟಿ ಒ ಹೇಳೋ ಹಾಗೆ ಮಾಡಿ ಒಳಗಿಂದ ಎ ಹೇಳ್ಬೇಕು, ಅದಕ್ಕೆ ಕನ್ನಡದಲ್ಲಿ ಅಕ್ಷರ ಇಲ್ಲ. ತುಳುವಿನ ಅರ್ಧ ಉಕಾರ ಬರೀಲಿಕ್ಕೆ ಒದ್ದಾಡಿದವ್ರಿಗೆ ಈ ಕಷ್ಟ ಗೊತ್ತುಂಟು. ನೀವು ಏನಾದ್ರೂ ಒಂದು ಗುರ್ತು ಹಾಕಿಕೊಳ್ಳಿ, ನಾನು ಒ ಮೇಲೆ ಎರಡು ಚುಕ್ಕಿ ಹಾಕ್ತೇನೆ.

ಗೂಗಲ್ ಟ್ರಾನ್ಸ್‌ಲೇಟನ್ನ ನಂಬಿ ಕೂರ್ಬೇಡಿ. ಅದು ಪುಸ್ತಕದ ಜರ್ಮನ್ ಚೆನ್ನಾಗಿ ಮಾಡ್ತದೆ, ವಿಯೆನ್ನಾದ ಆಡುಮಾತು ಬಂದಲ್ಲಿ ಕೈ ಎತ್ತಿಬಿಡ್ತದೆ. ಪುಸ್ತಕದಲ್ಲಿ "ಇಷ್" ಅಂತ ಇರೋ ನಾನು ಅಲ್ಲಿ ಬರೀ "ಇ", "ನಿಷ್ಟ್" ಅಂದ್ರೆ ಇಲ್ಲ ಅನ್ನೋದು ಅಲ್ಲಿ "ನೆಡ್". ಹವ್ಯಕರ ಮನೆಯಲ್ಲಿ ಮಾತಾಡೋದನ್ನ ಮೈಸೂರಿನವ್ರು ಕೇಳಿದ್ರೆ ಹೇಗಾಗ್ತದೋ ಹಾಗೆ. ನಮ್ಮ ಆಚೆಮನೆ ಹುಡುಗಿ ಒಬ್ಬಳು ಈಗ ವಿಯೆನ್ನಾದ ಆಸ್ಪತ್ರೆಯಲ್ಲಿ ನರ್ಸ್, ಬಿ2 ಒಳ್ಳೆ ಮಾರ್ಕಲ್ಲಿ ಪಾಸಾಗಿ ಹೋದವಳು, ಮೊದಲ ವಾರ ವಾರ್ಡಿನಲ್ಲಿ ಒಬ್ಬರು ಅಜ್ಜ ಏನು ಕೇಳ್ತಾ ಇದ್ದಾರೆ ಅಂತ ಗೊತ್ತಾಗದೆ ಹೊರಗೆ ಬಂದು ಅತ್ತಳಂತೆ. ನೀರು ಕೇಳಿದ್ದಂತೆ ಅಷ್ಟೇ. ಆದ್ರಿಂದ ಕ್ಲಾಸಿಗೆ ಹೋಗೋ ಮಕ್ಳಿಗೆ ಹೇಳೋದು, ಫಾಲ್ಕೊನ ಹಾಡು ಪರೀಕ್ಷೆಗೆ ಮಾರ್ಕ್ ಕೊಡ್ಲಿಕ್ಕಿಲ್ಲ, ಕಿವಿಗೆ ಆ ಊರಿನ ಮಾತಿನ ರುಚಿ ಹತ್ತಿಸ್ತದೆ.

ಅಮಾಡೇಯುಸ್ ಹಿಡಿತಕ್ಕೆ ಬಂತು ಅಂದ್ರೆ ಅಲ್ಲಿಂದ ಮುಂದೆ ಹೋಗ್ಬೇಡಿ, ಹಿಂದೆ ಹೋಗಿ. ಅವ ಆಕಾಶದಿಂದ ಬಿದ್ದವ ಅಲ್ಲ. ಅವನ ಅಮ್ಮನ ಹೊಟ್ಟೆಯಲ್ಲಿ ಮೂರು ಶಿಶು ಇದ್ದದ್ದು, ಎರಡು ಮೊದ್ಲೇ ಹೋಗಿ ಇವ ಒಬ್ಬನೇ ಉಳಿದ. ಎಳವೆಯಲ್ಲೇ ಪಿಯಾನೊ, ಸ್ವರ ಕೇಳಿ ಅದು ಯಾವುದು ಅಂತ ಹೇಳೋ ಕಿವಿ. ಶಾಲೆ ಅರ್ಧಕ್ಕೆ ಬಿಟ್ಟ, ಪಿಂಚಣಿ ಆಫೀಸಲ್ಲಿ ಕೆಲ್ಸ ಕಲೀಲಿಕ್ಕೆ ಸೇರಿದ, ಅದೂ ಆಗ್ಲಿಲ್ಲ, ಸಂಗೀತ ಕಾಲೇಜಿಗೆ ಹೋಗಿ ಅದನ್ನೂ ಬಿಟ್ಟ. ಬರ್ಲಿನ್ನಲ್ಲಿ ಸ್ವಲ್ಪ ಕಾಲ ಬಾಸ್ ನುಡಿಸ್ಕೊಂಡು ತಿರುಗಿದ. ಫಾಲ್ಕೊ ಅನ್ನೋ ಹೆಸ್ರು ಕೂಡ ಅವನದ್ದಲ್ಲ, ಫಾಲ್ಕೊ ವೈಸ್‌ಫ್ಲೋಗ್ ಅಂತ ಪೂರ್ವ ಜರ್ಮನಿಯ ಸ್ಕೀ ಜಂಪ್ ಆಟಗಾರ ಇದ್ದ, ಅವ ಹಾರೋದನ್ನ ನೋಡಿ ಈ ಹೆಸ್ರು ಎತ್ತಿಕೊಂಡದ್ದು, ಒಂದು ಅಕ್ಷರ ಕೆ ಇದ್ದದ್ದನ್ನ ಸಿ ಮಾಡಿ. ಆಮೇಲೆ ವಿಯೆನ್ನಾದಲ್ಲಿ ದ್ರಾಡಿವಾಬರ್ಲ್ ಅಂತ ಒಂದು ಬ್ಯಾಂಡ್ ಸೇರಿದ. ಆ ಪದಕ್ಕೆ ಅಲ್ಲಿನ ಆಡುಮಾತಲ್ಲಿ ಬುಗುರಿ ಅಂತ ಅರ್ಥ. ಆ ಬ್ಯಾಂಡ್ ಸ್ಟೇಜ್ ಮೇಲೆ ಮಾಡದ ಗಲಾಟೆ ಇಲ್ಲ, ಅವ್ರ ನಡುವೆ ಇವ ಒಬ್ಬ ಮಾತ್ರ ತಲೆ ನೀಟಾಗಿ ಬಾಚಿ ಸೂಟ್ ಹಾಕಿ ನಿಲ್ತಿದ್ದ.

ಅಲ್ಲಿ ಅವ ಹಾಡ್ತಿದ್ದ ಗಾಂಟ್ಸ್ ವೀನ್ ಕೇಳಿ. ಹೆಸ್ರಿನ ಅರ್ಥ "ಇಡೀ ವಿಯೆನ್ನಾ". ಊರಿಗೆ ಊರೇ ಹೆರಾಯಿನ್ ಹಿಡ್ಕೊಂಡು ಕೂತಿದೆ ಅಂತ ಅವ ಹೆಸ್ರು ಹಿಡ್ದು ಹಾಡಿದ್ದು. ಮಾರ್ಕುಸ್ ಸ್ಪೀಗೆಲ್ ಅನ್ನೋ ರೆಕಾರ್ಡ್ ಕಂಪೆನಿಯವ ಇವನನ್ನ ಕಂಡದ್ದೂ ಆ ಬ್ಯಾಂಡಿನಲ್ಲಿಯೇ, ಒಬ್ಬನೇ ಹಾಡ್ಲಿಕ್ಕೆ ಕಾಂಟ್ರಾಕ್ಟ್ ಕೊಟ್ಟ. ಅಲ್ಲಿಂದ ಡೇರ್ ಕೊಮಿಸ್ಸಾರ್ ಅನ್ನೋ ಹಾಡು, 1981. ರಾಬರ್ಟ್ ಪೊಂಗರ್ ಇದ್ರ ಟ್ಯೂನ್ ಮಾಡಿದ್ದು ಬೇರೆ ಗಾಯಕ ರೈನ್‌ಹೋಲ್ಡ್ ಬಿಲ್ಗೆರಿಗೆ, ಅವ ಬೇಡ ಅಂದ, ಇವನಿಗೆ ಬಂತು, ಅದೂ ಮೊದ್ಲು ರೆಕಾರ್ಡಿನ ಹಿಂಬದಿಗೆ, ಬಿ ಸೈಡಿಗೆ. ಜನ ತಿರುಗಿಸಿ ಅದನ್ನೇ ಕೇಳಿದ್ರು. ಯುರೋಪಿಡೀ ಓಡ್ತು. ಆಫ್ಟರ್ ದ ಫೈರ್ ಅಂತ ಇಂಗ್ಲೆಂಡಿನ ಬ್ಯಾಂಡ್ ಇದನ್ನೇ ಇಂಗ್ಲಿಷ್ ಮಾಡಿ 1983ರಲ್ಲಿ ಅಮೇರಿಕದ ಚಾರ್ಟಲ್ಲಿ 5ನೇ ಜಾಗಕ್ಕೆ ಹೋಯ್ತು. ಅದನ್ನೂ ಒಮ್ಮೆ ಕೇಳಿ ನೋಡಿ, ಟ್ಯೂನ್ ಅದೇ, ಆದ್ರೆ ಸಪ್ಪೆ, ಯಾಕಂದ್ರೆ ಆ ಬಾಯಿ ಇಲ್ಲ.

ಕೊಮಿಸ್ಸಾರ್‌ನ ಒಂದು ಸಾಲಿನ ಮೇಲೆ ಸ್ವಲ್ಪ ಹೊತ್ತು ಕೂರಿ. ನಾವೆಲ್ಲ ಗುಡ್ಡದ ಕೆಳಗೆ ಜಾರ್ತಾ ಇರೋ ಹಿಮ, ಅದು ಈಗ ಪ್ರತಿ ಮಗುವಿಗೂ ಗೊತ್ತು ಅನ್ನೋ ಭಾವದ ಸಾಲು. ಆಸ್ಟ್ರಿಯಾದಲ್ಲಿ ಹಿಮದ ಮೇಲೆ ಜಾರೋದು ಅಂದ್ರೆ ಇಲ್ಲಿ ಮಕ್ಳು ಅಡಕೆ ಹಾಳೆಯಲ್ಲಿ ಕೂತು ಎಳ್ಕೊಂಡು ಹೋಗೋ ಹಾಗೆ, ಅಷ್ಟು ಸಾಮಾನ್ಯ. ಆದ್ರೆ ಹಿಮ ಅನ್ನೋ ಪದಕ್ಕೇ ಅಲ್ಲಿ ಬೀದಿಯಲ್ಲಿ ಕೊಕೇನ್ ಅಂತಲೂ ಅರ್ಥ. ಕೆಳಗೆ ಜಾರೋದು ಅಂದ್ರೂ ಎರಡರ್ಥ. ಆಟದ ಮಾತಲ್ಲಿ ನಾಶದ ಮಾತು ಹೇಳಿಬಿಟ್ಟ, ಅದೂ ಕುಣಿಯೋ ಹಾಗಿನ ತಾಳದಲ್ಲಿ. ಆಗ ಅವನಿಗೆ ಇಪ್ಪತ್ನಾಲ್ಕು ವರ್ಷ. ತಾಳಮದ್ದಳೆ ಕೇಳಿ ಬೆಳೆದವ್ರಿಗೆ ಈ ಥರದ ಅರ್ಥಗಾರಿಕೆಯ ಬೆಲೆ ಗೊತ್ತು, ಒಳ್ಳೆ ಅರ್ಥಧಾರಿ ಒಂದು ಪದದ ಎರಡು ಮುಖ ತೋರಿಸಿ ಬಿಟ್ಟಾಗ ಸಭೆಯಲ್ಲಿ "ಓ" ಅಂತ ಒಂದು ಸ್ವರ ಬರ್ತದಲ್ಲ, ನನಗೆ ಆ ಸಾಲಿನಲ್ಲಿ ಅದು ಬಂತು. ಫಾಲ್ಕೊನಲ್ಲಿ ಭಾಗವತನೂ ಅವನೇ ಅರ್ಥಧಾರಿಯೂ ಅವನೇ, ಪದ ಎಲ್ಲಿ ಮುಗೀತು ಮಾತು ಎಲ್ಲಿ ಸುರುವಾಯ್ತು ಅಂತ ಗೆರೆ ಎಳೀಲಿಕ್ಕೆ ಆಗೋದಿಲ್ಲ. ರ‍್ಯಾಪ್ ಅನ್ನೋದು ಯುರೋಪಿಗೆ ಇನ್ನೂ ಕಾಲಿಡ್ತಾ ಇದ್ದ ಕಾಲ ಅದು.

ಮೊದಲ ಆಲ್ಬಂ ಐನ್‌ಟ್ಸೆಲ್‌ಹಾಫ್ಟ್, 1982, ಹೆಸ್ರಿನ ಅರ್ಥ ಒಂಟಿ ಕೋಣೆಯ ಸೆರೆ. ಅದನ್ನ ಪೂರ್ತಿ ಕೇಳಿ. ಆಮೇಲೆ 1984ರ ಯುಂಗೆ ರೋಮರ್. ಇದು ಹೊರಗಿನ ದೇಶಗಳಲ್ಲಿ ಓಡ್ಲಿಲ್ಲ, ಸುಮಾರು ಜನ ಇದನ್ನ ಬಿಟ್ಟೇ ಮುಂದೆ ಹೋಗ್ತಾರೆ, ನನ್ನ ಲೆಕ್ಕದಲ್ಲಿ ಅದು ದೊಡ್ಡ ನಷ್ಟ. ಗದ್ದಲ ಕಮ್ಮಿ, ರಾತ್ರಿ ಹೊತ್ತಿನ ಹಾಡುಗಳು, ಮಳೆ ಬರುವಾಗ ಕರೆಂಟ್ ಹೋದ ಮೇಲೆ ಕೇಳ್ಲಿಕ್ಕೆ ಇದಕ್ಕಿಂತ ಒಳ್ಳೇದು ನನಗೆ ಗೊತ್ತಿಲ್ಲ.

ಮೂರ್ನೆಯದ್ದು ಫಾಲ್ಕೊ 3, 1985, ನಮ್ಮ ಅಟ್ಟದ ಕ್ಯಾಸೆಟ್. ಇಲ್ಲಿ ಪೊಂಗರ್ ಇಲ್ಲ, ನೆದರ್‌ಲ್ಯಾಂಡಿನ ಬೊಲ್ಲಂಡ್ ಅಣ್ಣತಮ್ಮಂದಿರು ಬಂದ್ರು. ಅಮಾಡೇಯುಸ್ 1986 ಮಾರ್ಚ್ ಕೊನೆಗೆ ಅಮೇರಿಕದ ಬಿಲ್‌ಬೋರ್ಡ್ ಪಟ್ಟಿಯಲ್ಲಿ 1ಕ್ಕೆ ಹೋಗಿ ಮೂರು ವಾರ ಅಲ್ಲೇ ಕೂತಿತು, ಮೇ ತಿಂಗಳಲ್ಲಿ ಬ್ರಿಟನ್ನಿನಲ್ಲೂ 1. ಜರ್ಮನಲ್ಲಿ ಹಾಡೋ ಒಬ್ಬ, ಅದೂ ಜರ್ಮನಿಯ ಹೊರಗಿನವ. ಈಗ ವಿಡಿಯೋ ನೋಡಿ, ಇಷ್ಟು ಹೊತ್ತು ಬೇಡ ಅಂದದ್ದು ಇದಕ್ಕೇ. ಹದಿನೆಂಟನೇ ಶತಮಾನದ ಡ್ರೆಸ್ಸಿನವ್ರ ನಡುವೆ ಅವ ಈಗಿನ ಕಾಲದ ಕೋಟಲ್ಲಿ, ಚರ್ಮದ ಜಾಕೆಟಿನ ಬೈಕಿನವ್ರ ನಡುವೆ ಅವ ಮೊಜಾರ್ಟನ ವೇಷದಲ್ಲಿ, ಎರಡು ಕಡೆಯೂ ಹೊರಗಿನವ. ಆ ಬೈಕಿನವ್ರ ಮುಖ ನೆನಪಿಟ್ಟುಕೊಳ್ಳಿ, ಮತ್ತೆ ಬರ್ತಾರೆ.

ಅದೇ ಆಲ್ಬಮಿನ ಜೀನಿ ಹಾಡಿನ ಬಗ್ಗೆ ಬೇರೆಯಾಗಿ ಹೇಳ್ಬೇಕು. ಇದನ್ನ ಮಕ್ಳ ಎದುರು ಹಾಕ್ಬೇಡಿ, ಅರ್ಥ ತಿಳಿಯದೆ ಕೇಳ್ಬೇಡಿ ಕೂಡ. ಟ್ಯೂನ್ ಲಾಲಿ ಹಾಡಿನ ಹಾಗೆ ಮೆತ್ತಗೆ, ಹೇಳ್ತಾ ಇರೋದು ಒಬ್ಬ ಗಂಡಸು, ಹುಡುಗಿ ಕಾಣೆಯಾಗಿದ್ದಾಳೆ, ನಡುವೆ ಟಿವಿ ವಾರ್ತೆ ಬರ್ತದೆ, ಅದನ್ನ ಓದಿದ್ದು ಜರ್ಮನಿಯ ನಿಜವಾದ ವಾರ್ತಾವಾಚಕ ವಿಲ್ಹೆಲ್ಮ್ ವೀಬೆನ್. ಎಂತ ಆಯ್ತು ಅಂತ ಬಾಯಿಬಿಟ್ಟು ಹೇಳೋದಿಲ್ಲ, ಕೇಳಿದವ್ರ ಬೆನ್ನಲ್ಲಿ ಚಳಿ ಬರ್ತದೆ. ಹೆಣ್ಣಿನ ಮೇಲಿನ ಹಿಂಸೆಯನ್ನ ಚಂದ ಮಾಡ್ತಾ ಇದ್ದಾನೆ ಅಂತ ಜರ್ಮನಿಯಲ್ಲಿ ದೊಡ್ಡ ಗಲಾಟೆ, ಎಷ್ಟೋ ರೇಡಿಯೋಗಳು ಹಾಕ್ಲಿಲ್ಲ, ಆದ್ರೂ ಅಲ್ಲಿ 1ನೇ ಜಾಗಕ್ಕೆ ಹೋಯ್ತು. ರಾವಣನ ಅರ್ಥ ಹೇಳಿದವ ರಾವಣ ಆಗೋದಿಲ್ಲ ಅಂತ ನಾನು ಮೊದ್ಲು ವಾದ ಮಾಡ್ತಿದ್ದೆ. ಈಗ ಮಗಳು ದೊಡ್ಡವಳಾದ ಮೇಲೆ ಆ ಹೆಂಗಸರ ಸಿಟ್ಟು ಕೂಡ ಸರಿ ಅನ್ನಿಸ್ತದೆ. ತಾಳಮದ್ದಳೆಯಲ್ಲಿ ಎದುರು ಕೂತು ಉತ್ತರ ಕೊಡೋ ಒಬ್ಬ ಇರ್ತಾನೆ, ಈ ಹಾಡಿನಲ್ಲಿ ಆ ಹುಡುಗಿ ಜೀನಿಗೆ ಒಂದು ಮಾತು ಕೂಡ ಇಲ್ಲ.

ವಿಯೆನ್ನಾ ಕಾಲಿಂಗ್ ಖುಷಿಗೆ ಕೇಳಿ, ಅಮೇರಿಕದಲ್ಲಿ ಅದೂ 18ರವರೆಗೆ ಹೋಗಿತ್ತು. ಅಲ್ಲಿಂದ ಮುಂದಿನದ್ದನ್ನ ಬೇಗ ಬೇಗ ದಾಟ್ಬಹುದು. 1986ರ ಇಮೋಶನಲ್ ಆಗ್ಬಹುದು, 1988ರ ವೀನರ್ ಬ್ಲೂಟ್ ಸುಮಾರು, 1990ರ ಡಾಟಾ ಡೆ ಗ್ರೂವ್ ನನಗೆ ಹಿಡಿಸ್ಲಿಲ್ಲ. ಎಲ್ಲರೂ ಇನ್ನೊಂದು ಅಮಾಡೇಯುಸ್ ಕೊಡು ಅಂತ ಕೂತಿದ್ರು, ಕುಡಿತ ಜಾಸ್ತಿ ಆಗಿತ್ತು, ಆ ಒತ್ತಡ ಹಾಡಿನಲ್ಲಿ ಕೇಳ್ತದೆ. 1992ರ ನಾಖ್ಟ್‌ಫ್ಲೂಗ್‌ನಲ್ಲಿ ಸ್ವಲ್ಪ ಉಸಿರು ವಾಪಸ್ ಬಂತು.

ಆದ್ರೆ 1993 ಜೂನಿನ ಡೊನಾವ್ ದ್ವೀಪದ ಕಾನ್ಸರ್ಟ್ ಬಿಡಲೇಬೇಡಿ. ಡ್ಯಾನ್ಯೂಬ್ ನದಿಯ ನಡುವಿನ ದ್ವೀಪ, ಪ್ರತಿ ವರ್ಷ ಅಲ್ಲಿ ದೊಡ್ಡ ಹಬ್ಬ, ಟಿಕೆಟ್ ಇಲ್ಲ. ಲಕ್ಷಕ್ಕೂ ಮೀರಿ ಜನ, ಗುಡುಗು ಸಿಡಿಲು, ಸುರೀತಾ ಇರೋ ಮಳೆ, ಕರೆಂಟಿಗೂ ತೊಂದರೆ ಆಯ್ತು. ಜನ ಹೋಗ್ಲಿಲ್ಲ, ಅವನೂ ಹೋಗ್ಲಿಲ್ಲ. ಬಯಲಾಟದಲ್ಲಿ ಮಳೆ ಬಂದಾಗ ಚಾಪೆ ತಲೆ ಮೇಲೆ ಹಾಕಿ ಕೂತವ್ರಿಗೆ ಅದು ಎಂತ ಅಂತ ಗೊತ್ತು. ವಿಡಿಯೋ ಸಿಗ್ತದೆ, ಚಂಡಿ ಆದ ಬಟ್ಟೆಯಲ್ಲಿ ಅವ ಮೈಕ್ ಹಿಡ್ದು ನಿಂತದ್ದು, ಅವನ ಮುಖದಲ್ಲಿ ಗತ್ತು ಇಲ್ಲ ಆಗ, ಊರಿನವ್ರ ಎದುರು ನಿಂತ ಊರಿನವನ ಮುಖ. ಇದನ್ನ ಮಾತ್ರ ರಾತ್ರಿ, ದೊಡ್ಡ ಸ್ಕ್ರೀನಲ್ಲಿ, ಮನೆಯವ್ರನ್ನೆಲ್ಲ ಕೂರಿಸಿ ನೋಡಿ.

ಇಷ್ಟಾದ ಮೇಲೆ ಕೊನೆಯದ್ದು. 1996ರಲ್ಲಿ ಅವ ಡೊಮಿನಿಕನ್ ರಿಪಬ್ಲಿಕ್‌ಗೆ ಹೋಗಿ ನೆಲೆಸಿದ. 1998 ಫೆಬ್ರವರಿ 6, ಪುವೆರ್ಟೊ ಪ್ಲಾಟಾ ಹತ್ತಿರದ ರಸ್ತೆಯಲ್ಲಿ ಅವನ ಪಜೆರೊ ಕಾರಿಗೂ ಬಸ್ಸಿಗೂ ಢಿಕ್ಕಿ, ಅಲ್ಲೇ ತೀರಿಕೊಂಡ. ರಕ್ತದಲ್ಲಿ ಮದ್ಯ ಮತ್ತು ಕೊಕೇನ್ ಸಿಕ್ಕಿತು. ನಲವತ್ತೊಂದು ತುಂಬ್ಲಿಕ್ಕೆ 13 ದಿನ ಇತ್ತು. ಹಿಮದ ಆ ಸಾಲು ಈಗ ಬೇಕಾದ್ರೆ ಮತ್ತೆ ಕೇಳಿ, ನಾನು ಅದ್ರ ಬಗ್ಗೆ ಹೆಚ್ಚು ಹೇಳ್ಲಿಕ್ಕೆ ಹೋಗೋದಿಲ್ಲ.

ಸತ್ತ ಮೇಲೆ ಅದೇ ವರ್ಷ ಔಟ್ ಆಫ್ ದ ಡಾರ್ಕ್ ಬಂತು, ತುಂಬ ಮಾರಾಟ ಆಯ್ತು. ಬದುಕ್ಲಿಕ್ಕೆ ಸಾಯಲೇಬೇಕಾ ಅಂತ ಕೇಳೋ ಒಂದು ಸಾಲು ಅದ್ರಲ್ಲುಂಟು, ಅದನ್ನ ಹಿಡ್ಕೊಂಡು ಅವನಿಗೆ ಮೊದ್ಲೇ ಗೊತ್ತಿತ್ತು, ಬೇಕೂಂತ ಹೋದ ಅಂತೆಲ್ಲ ಮಾತಾಡೋರುಂಟು. ಆ ಹಾಡು ಆಕ್ಸಿಡೆಂಟಿಗಿಂತ ಮೊದ್ಲೇ ರೆಕಾರ್ಡ್ ಆದದ್ದು, ಹಾಡಿನೊಳಗೆ ಒಬ್ಬ ಪಾತ್ರ ಕೇಳೋ ಪ್ರಶ್ನೆ ಅದು. ಒಂದು ಹಾಡಿನ ಸಾಲಿಂದ ಒಬ್ಬನ ಸಾವಿಗೆ ಕಾರಣ ಬರ್ಕೊಳ್ಳೋದು ನನಗೆ ಸರಿ ಕಾಣೋದಿಲ್ಲ. ಹಾಡಾಗಿ ಕೇಳಿ, ಸ್ವರ ಸ್ವಲ್ಪ ದಪ್ಪ ಆಗಿದೆ, ಅವಸರ ಇಲ್ಲ, ಆ ಹಳೇ ಗತ್ತು ಕರಗಿ ಹೋಗಿದೆ.

ಅವನನ್ನ ವಿಯೆನ್ನಾಕ್ಕೆ ತಂದು ಟ್ಸೆಂಟ್ರಾಲ್‌ಫ್ರೀಡ್‌ಹೋಫ್ ಅನ್ನೋ ದೊಡ್ಡ ಸ್ಮಶಾನದಲ್ಲಿ ಮಣ್ಣು ಮಾಡಿದ್ರು, ಬೆಥೋವನ್, ಶೂಬರ್ಟ್, ಬ್ರಾಮ್ಸ್ ಎಲ್ಲ ಅಲ್ಲೇ ಇರೋದು. ಪೆಟ್ಟಿಗೆ ಹೊತ್ತದ್ದು ಅಮಾಡೇಯುಸ್ ವಿಡಿಯೋದ ಆ ಬೈಕ್ ಕ್ಲಬ್ಬಿನವ್ರು. ಮೊಜಾರ್ಟನ ಸಮಾಧಿ ಮಾತ್ರ ಅಲ್ಲಿಲ್ಲ, ಅದು ಸಾಂಕ್ಟ್ ಮಾರ್ಕ್ಸ್ ಅನ್ನೋ ಬೇರೆ ಕಡೆ, ಇಲ್ಲಿ ಅವನಿಗೆ ಸ್ಮಾರಕ ಒಂದುಂಟು.

ನಿಮ್ಮಲ್ಲಿ ಯಾರಾದ್ರೂ ಕೆಲ್ಸಕ್ಕೆ ಆ ಕಡೆ ಹೋದ್ರೆ, ಪೇಟೆಯಿಂದ 71 ನಂಬರಿನ ಟ್ರಾಮ್ ಹಿಡೀರಿ. ಯಾರಾದ್ರೂ ತೀರಿಕೊಂಡ್ರೆ "71 ಹತ್ತಿದ" ಅಂತ ವಿಯೆನ್ನಾದವ್ರು ಹೇಳೋದು ಇದಕ್ಕೇ, ನಮ್ಮಲ್ಲಿ ಟಿಕೆಟ್ ತಗೊಂಡ ಅಂತಾರಲ್ಲ ಹಾಗೆ. ಎರಡನೇ ಗೇಟಿನ ಹತ್ತಿರ ಇಳ್ದು 40ನೇ ಗ್ರೂಪ್ ಅಂತ ಕೇಳಿ. ಕೆಂಪು ಬಣ್ಣದ ಎತ್ತರದ ಕಂಬ, ಪಕ್ಕದಲ್ಲಿ ಗಾಜಿನ ಹಲಗೆಯಲ್ಲಿ ಅವನ ಚಿತ್ರ, ದೂರದಿಂದ್ಲೇ ಕಾಣ್ತದೆ. ಆಚೆಮನೆ ಹುಡುಗಿ ನಾನು ಹೇಳಿದೆ ಅಂತ ಒಂದು ರಜೆಯ ದಿನ ಹೋಗಿ ವಾಟ್ಸಪ್ಪಲ್ಲಿ ಸಣ್ಣ ವಿಡಿಯೋ ಕಳಿಸಿದ್ಲು. ಹೂವು, ಮೇಣದ ದೀಪ, ಗಾಳಿಯ ಸದ್ದು. ಪಕ್ಕದಲ್ಲಿ ಒಬ್ಬರು ವಯಸ್ಸಾದ ಹೆಂಗಸು ನಿಂತಿದ್ರಂತೆ, ಎಲ್ಲಿಯವಳು ಅಂತ ಕೇಳಿದ್ದಕ್ಕೆ ಇವಳು ಕೇರಳ ಅಂದ್ಲಂತೆ, ಆಮೇಲೆ ಏನನ್ನಿಸ್ತೋ, ಮನೆಯಲ್ಲಿ ಕನ್ನಡ ಮಾತಾಡ್ತೇವೆ ಅಂತ ಸೇರಿಸಿದ್ಲಂತೆ. "ಮಾಮ, ಅವ್ರಿಗೆ ಕೂಡಲೇ ಅರ್ಥ ಆಯ್ತು, ಮತ್ತೆ ಎಂತದ್ದೂ ಕೇಳ್ಲಿಲ್ಲ" ಅಂತ ವಾಯ್ಸ್ ಮೆಸೇಜ್ ಹಾಕಿದ್ದಾಳೆ. ಮುಂದಿನ ಸಲ ಹೋಗುವಾಗ ಇಯರ್‌ಫೋನ್ ತಗೊಂಡು ಹೋಗು, ಅಲ್ಲಿ ನಿಂತು ಗಾಂಟ್ಸ್ ವೀನ್ ಕೇಳು ಅಂತ ಹೇಳಿದ್ದೇನೆ.